ಬೆಳೆ ರಕ್ಷಣೆಯ ಕೋವಿ: ಪರವಾನಗಿ ಯಾರ ಹೆಸರಿಗೆ, ಯಾವ ದಾಖಲೆಗೆ?

[ದೃಶ್ಯ: ಶಿರಸಿ ಸೀಮೆಯ ಅಡಿಕೆ ತೋಟ, ಬೆಳಗಿನ ಹೊತ್ತು. ಬೆಟ್ಟದ ಕಡೆಯಿಂದ ಮಂಗಗಳ ಹಿಂಡು ಮರದಿಂದ ಮರಕ್ಕೆ ಹಾರುತ್ತಿದೆ. ನೆಲದ ತುಂಬ ಕಚ್ಚಿ ಎಸೆದ ಎಳೆಯ ಅಡಿಕೆ.]

ನಮಸ್ಕಾರ. ಘಟ್ಟದ ಮೇಲಿನ ಶಿರಸಿ, ಸಿದ್ದಾಪುರ, ಯಲ್ಲಾಪುರದ ತೋಟಿಗರ ಮನೆಗಳಲ್ಲಿ ಕೋವಿಯನ್ನು ತೋಟ, ಮನೆ, ಪಾತ್ರೆಪಗಡಗಳ ಜೊತೆಗೇ ಲೆಕ್ಕ ಹಾಕುವ ರೂಢಿ ಇದೆ. ಅಜ್ಜನಿಂದ ಅಪ್ಪನಿಗೆ, ಅಪ್ಪನಿಂದ ಮಗನಿಗೆ ಅದು ತಾನಾಗಿಯೇ ಬರುತ್ತದೆ ಎಂದು ನಂಬಿದವರು ಬಹಳ ಮಂದಿ. ಕಾಯ್ದೆ ಹಾಗೆ ನೋಡುವುದಿಲ್ಲ. ಕಾಯ್ದೆಯ ಕಣ್ಣಿಗೆ ಪರವಾನಗಿ ಎಂದರೆ ಒಬ್ಬರ ಹೆಸರು, ಒಂದು ಆಯುಧದ ಸಂಖ್ಯೆ, ಒಂದು ಉದ್ದೇಶ, ಒಂದು ವ್ಯಾಪ್ತಿ ಈ ನಾಲ್ಕನ್ನೂ ಸೇರಿಸಿ ಕಟ್ಟಿದ ಗಂಟು. ಅದರಲ್ಲಿ ಹೆಸರಿನ ಎಳೆ ಕಳಚಿಕೊಂಡರೆ ನಿನ್ನೆಯವರೆಗೆ ಸಕ್ರಮವಾಗಿದ್ದ ಕೋವಿ ಇಂದು ಅಕ್ರಮವಾಗುತ್ತದೆ. ಇದನ್ನು ನಾನು ನಮ್ಮ ಮನೆಯಲ್ಲೇ ಕಂಡು ಕಲಿತಿದ್ದೇನೆ; ಆ ವಿಷಯಕ್ಕೆ ಮುಂದೆ ಬರುತ್ತೇನೆ.

[ಪರದೆಯ ಮೇಲೆ: ಶಸ್ತ್ರಾಸ್ತ್ರ ಕಾಯ್ದೆ 1959 – ಶಸ್ತ್ರಾಸ್ತ್ರ ನಿಯಮಗಳು 2016 – ತಿದ್ದುಪಡಿ 2019]

ನಮ್ಮ ದೇಶದಲ್ಲಿ ಬಂದೂಕು ಕೊಳ್ಳುವುದಕ್ಕೂ ಇಟ್ಟುಕೊಳ್ಳುವುದಕ್ಕೂ ಆಧಾರವಾಗಿರುವುದು 1959ರ ಶಸ್ತ್ರಾಸ್ತ್ರ ಕಾಯ್ದೆ ಮತ್ತು ಅದರಡಿ 2016ರಲ್ಲಿ ಹೊಸದಾಗಿ ಬಂದ ನಿಯಮಗಳು. ಕಾಯ್ದೆಯ 3ನೇ ಕಲಮಿನ ಪ್ರಕಾರ ಪರವಾನಗಿ ಇಲ್ಲದೆ ಯಾರೂ ಬಂದೂಕನ್ನು ಪಡೆಯುವಂತಿಲ್ಲ, ಹೊಂದುವಂತಿಲ್ಲ, ಒಯ್ಯುವಂತಿಲ್ಲ. ರೈತರಿಗೆ ಮುಖ್ಯವಾದದ್ದು 13ನೇ ಕಲಮು. ಬೆಳೆಯನ್ನು ಕಾಯುವ ನಿಜವಾದ ಅಗತ್ಯ ಇರುವವರಿಗೆ ನಳಿಗೆಯ ಬಾಯಿಂದ ಮದ್ದು ತುಂಬುವ ಕೋವಿಗೆ, ಅಂದರೆ ನಾವು ಕೇಪಿನ ಕೋವಿ ಎನ್ನುವ ಬಗೆಗೆ, ಪರವಾನಗಿ ಕೊಡಬೇಕೆಂದು ಅದು ಹೇಳುತ್ತದೆ; ಅಂಥ ಕೋವಿ ಸಾಲದು ಎಂದು ಪರವಾನಗಿ ಪ್ರಾಧಿಕಾರಕ್ಕೆ ಮನವರಿಕೆಯಾದರೆ ತೋಟಾ, ಅಂದರೆ ಮದ್ದುಗುಂಡು ತುಂಬಿದ ಸಿದ್ಧ ಕೊಳವೆ, ಹಾಕುವ ಕೋವಿಗೂ ಅನುಮತಿ ನೀಡಬಹುದು ಎಂಬ ಅವಕಾಶವೂ ಅಲ್ಲಿಯೇ ಇದೆ. ಆದ್ದರಿಂದ ತೋಟಾ ಕೋವಿ ಬೇಕೆನ್ನುವವರು ಕೇಪಿನ ಕೋವಿ ತಮಗೆ ಏಕೆ ಸಾಲದು ಎಂಬುದನ್ನು ಅರ್ಜಿಯಲ್ಲಿಯೇ ಬಿಡಿಸಿ ಬರೆಯಬೇಕು. ಮಳೆಗಾಲದಲ್ಲಿ ಮದ್ದು ಥಂಡಿ ಹಿಡಿಯುವುದು, ಒಂದು ಈಡಿನ ನಂತರ ಮತ್ತೆ ತುಂಬಲು ಹಿಡಿಯುವ ಹೊತ್ತು, ತೋಟದ ಒತ್ತಿನಲ್ಲೇ ಕಾಡು ಇರುವುದು, ಇಂಥ ಸಂಗತಿಗಳನ್ನು ನಿಮಗೆ ನೀವೇ ಸಾಕ್ಷಿ ಎಂಬಂತೆ ಬರೆಯಿರಿ. ‘ಕಾಡುಪ್ರಾಣಿ ಕಾಟ’ ಎಂಬ ಒಂದೇ ಸಾಲು ಬರೆದು ಕಳಿಸಿದ ಅರ್ಜಿಯಲ್ಲಿ ಅಧಿಕಾರಿಗೆ ತೂಗಿ ನೋಡಲು ಏನೂ ಇರುವುದಿಲ್ಲ.

[ದೃಶ್ಯ: ಮೇಜಿನ ಮೇಲೆ ಹರಡಿದ ಕಾಗದಗಳು. ಪಹಣಿಯ ಮೇಲೆ ಬೆರಳು ಒಂದು ಹೆಸರಿನ ಬಳಿ ನಿಲ್ಲುತ್ತದೆ.]

ಪರವಾನಗಿ ಕೊಡುವ ಅಧಿಕಾರ ನಮ್ಮ ಜಿಲ್ಲೆಯಲ್ಲಿ ಕಾರವಾರದಲ್ಲಿರುವ ಜಿಲ್ಲಾಧಿಕಾರಿಗಳದು; ಅವರು ಜಿಲ್ಲಾ ದಂಡಾಧಿಕಾರಿಯಾಗಿ ಈ ಕೆಲಸ ಮಾಡುತ್ತಾರೆ. ಅರ್ಜಿಯ ಜೊತೆಗೆ ಗುರುತು, ವಾಸ ಮತ್ತು ವಯಸ್ಸಿನ ದಾಖಲೆ, ಭಾವಚಿತ್ರ, ದೇಹ ಹಾಗೂ ಮನಸ್ಸಿನ ಆರೋಗ್ಯದ ಬಗ್ಗೆ ವೈದ್ಯರ ಪ್ರಮಾಣಪತ್ರ, ಆಯುಧವನ್ನು ಭದ್ರವಾಗಿ ಇಡುತ್ತೇನೆ ಎಂಬ ಮುಚ್ಚಳಿಕೆ, ಆಯುಧವನ್ನು ಸುರಕ್ಷಿತವಾಗಿ ಬಳಸುವ ತರಬೇತಿ ಪಡೆದ ಪತ್ರ ಇರಬೇಕು. ಬೆಳೆ ರಕ್ಷಣೆ ಎಂದ ಮೇಲೆ ಜಮೀನಿನ ಪಹಣಿಯೂ ಬೇಕು. ವೈದ್ಯರ ಪತ್ರದಲ್ಲಿ ಅರ್ಜಿದಾರರು ಮದ್ಯ ಅಥವಾ ಮಾದಕ ವಸ್ತುಗಳ ವ್ಯಸನಿಯಲ್ಲ ಎಂಬ ಮಾತನ್ನೂ ಕೇಳುತ್ತಾರೆ. ಇದನ್ನು ಯಾರೂ ಅವಮಾನವೆಂದು ಭಾವಿಸಬಾರದು. ಕುಡಿದವರ ಕೈಯಲ್ಲಿ ತುಂಬಿದ ಕೋವಿ ಇದ್ದರೆ ಮೊದಲು ಅಪಾಯಕ್ಕೆ ಸಿಕ್ಕುವವರು ಆ ಮನೆಯವರೇ.

ಈ ದಾಖಲೆಗಳಲ್ಲಿ ತೊಡಕಾಗುವುದು ಹೆಚ್ಚಾಗಿ ಹೆಸರಿನಲ್ಲಿ. ಪಹಣಿಯಲ್ಲಿ ‘ಗಣಪ’ ಎಂದಿದ್ದವರು ಆಧಾರ್‌ನಲ್ಲಿ ‘ಗಣಪತಿ’ ಆಗಿರುತ್ತಾರೆ, ಮತದಾರರ ಚೀಟಿಯಲ್ಲಿ ತಂದೆಯ ಹೆಸರು ಮುಂದಿದ್ದರೆ ಶಾಲೆಯ ದಾಖಲೆಯಲ್ಲಿ ಅದು ಒಂದೇ ಅಕ್ಷರಕ್ಕೆ ಇಳಿದಿರುತ್ತದೆ, ಊರಿನ ಹೆಸರೋ ಮನೆತನದ ಹೆಸರೋ ಒಂದು ಕಡೆ ಇದ್ದು ಇನ್ನೊಂದು ಕಡೆ ಇರುವುದಿಲ್ಲ. ಮನೆಯಲ್ಲಿ ಎಲ್ಲರಿಗೂ ಒಬ್ಬರೇ ಎಂದು ಗೊತ್ತು, ಆದರೆ ಕಾಗದಕ್ಕೆ ಅದು ಗೊತ್ತಿಲ್ಲ. ಇನ್ನು ಜಂಟಿ ಖಾತೆ: ಅಣ್ಣತಮ್ಮಂದಿರು ಬೇರೆಯಾಗಿ ಇಪ್ಪತ್ತು ವರ್ಷವಾದರೂ ಪಹಣಿ ತೀರಿಹೋದ ಹಿರಿಯರ ಹೆಸರಿನಲ್ಲೇ ಉಳಿದಿರುವುದು ನಮ್ಮಲ್ಲಿ ತೀರಾ ಸಾಮಾನ್ಯ. ಕೋವಿಗೆ ಅರ್ಜಿ ಹಾಕುವ ಮೊದಲು ಇವನ್ನು ಸರಿಪಡಿಸಿಕೊಂಡರೆ, ದೇವಿಮನೆ ಘಟ್ಟ ಇಳಿದು ಕಾರವಾರಕ್ಕೆ ಹೋಗಿಬರುವ ಎಷ್ಟೋ ದಿನಗಳು ಉಳಿಯುತ್ತವೆ.

ಅರ್ಜಿ ತಲುಪಿದ ಮೇಲೆ ನಿಮ್ಮ ವ್ಯಾಪ್ತಿಯ ಪೊಲೀಸ್ ಠಾಣೆಯಿಂದ ವರದಿ ತರಿಸುತ್ತಾರೆ. 21 ವರ್ಷ ತುಂಬದವರಿಗೆ, ಮಾನಸಿಕ ಅಸ್ವಸ್ಥರಿಗೆ, ಶಾಂತಿ ಕಾಪಾಡುವ ಮುಚ್ಚಳಿಕೆಗೆ ಒಳಪಟ್ಟವರಿಗೆ ಅದರ ಅವಧಿ ಮುಗಿಯುವವರೆಗೆ, ಹಿಂಸೆಯ ಅಪರಾಧದಲ್ಲಿ ಶಿಕ್ಷೆ ಅನುಭವಿಸಿದವರಿಗೆ ಬಿಡುಗಡೆಯಾಗಿ 5 ವರ್ಷಗಳವರೆಗೆ ಬಂದೂಕು ಹೊಂದಲು ಅವಕಾಶವಿಲ್ಲ. ಗಡಿ ತಕರಾರಿನಲ್ಲಿ ನೆರೆಯವರೊಡನೆ ಕೈಕೈ ಮಿಲಾಯಿಸಿ ಠಾಣೆಯಲ್ಲಿ ಮುಚ್ಚಳಿಕೆ ಬರೆದುಕೊಟ್ಟಿದ್ದರೆ ಅದನ್ನು ಅರ್ಜಿಯಲ್ಲಿ ಮುಚ್ಚಿಡಬೇಡಿ. ಅರ್ಜಿ ತಿರಸ್ಕೃತವಾದರೆ ಕಾರಣವನ್ನು ಪ್ರಾಧಿಕಾರ ಬರವಣಿಗೆಯಲ್ಲಿ ದಾಖಲಿಸಬೇಕು, ಮತ್ತು ಅದರ ವಿರುದ್ಧ ಮೇಲ್ಮನವಿ ಸಲ್ಲಿಸಬಹುದು. ಸಾಕಷ್ಟು ಆಸ್ತಿ ಇಲ್ಲ ಎಂಬ ಒಂದೇ ಕಾರಣಕ್ಕೆ ಪರವಾನಗಿ ನಿರಾಕರಿಸುವಂತಿಲ್ಲ ಎಂದು 14ನೇ ಕಲಮು ಸ್ಪಷ್ಟವಾಗಿ ಹೇಳುತ್ತದೆ. ಅರ್ಧ ಎಕರೆಯ ತೋಟಿಗರೂ ಈ ಮಾತನ್ನು ನೆನಪಿಟ್ಟುಕೊಳ್ಳಬೇಕು.

[ಪರದೆಯ ಮೇಲೆ: ಉತ್ತರ ಕನ್ನಡದ ನಕ್ಷೆ. ಕಾಳಿ ಹುಲಿ ಸಂರಕ್ಷಿತ ಪ್ರದೇಶ, ಮುಂಡಗೋಡದ ಅತ್ತಿವೇರಿ ಪಕ್ಷಿಧಾಮದ ಗುರುತುಗಳು.]

ನಮ್ಮ ಜಿಲ್ಲೆಗೆ ಇನ್ನೊಂದು ತೊಡಕು ಅಂಟಿಕೊಂಡಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 34ನೇ ಕಲಮಿನ ಪ್ರಕಾರ ವನ್ಯಜೀವಿ ಧಾಮದಿಂದ 10 ಕಿಲೋಮೀಟರ್ ಒಳಗೆ ಹೊಸ ಬಂದೂಕು ಪರವಾನಗಿ ಕೊಡಬೇಕಾದರೆ ಮುಖ್ಯ ವನ್ಯಜೀವಿ ಪರಿಪಾಲಕರ ಪೂರ್ವಸಮ್ಮತಿ ಬೇಕು. ದಾಂಡೇಲಿ, ಜೊಯಿಡಾ ಭಾಗದವರ ಅರ್ಜಿ ಶಿರಸಿ ಪೇಟೆಯ ಹತ್ತಿರದವರ ಅರ್ಜಿಗಿಂತ ನಿಧಾನವಾಗಿ ಸಾಗುವುದಕ್ಕೆ ಇದೂ ಒಂದು ಕಾರಣ. ಅದೇ ಅಂತರದೊಳಗೆ ಹಳೆಯ ಪರವಾನಗಿ ಇರುವವರೂ ಅರಣ್ಯ ಇಲಾಖೆಯಲ್ಲಿ ಹೆಸರು ನೋಂದಾಯಿಸಿಕೊಂಡಿರಬೇಕು.

[ದೃಶ್ಯ: ಅಂಗಡಿಯ ಕಟ್ಟೆ. ಮಾಲೀಕರು ಕೋವಿಯನ್ನು ಬೆಳಕಿಗೆ ಹಿಡಿದು ನಳಿಗೆಯ ಬುಡದಲ್ಲಿ ಕೊರೆದ ಅಂಕಿಗಳನ್ನು ಓದುತ್ತಿದ್ದಾರೆ.]

ಪರವಾನಗಿ ಕೈಗೆ ಬಂದ ಮೇಲೆ ಖರೀದಿ. ಇಲ್ಲಿ ಗುರುತಿನ ಪರೀಕ್ಷೆ ಎರಡು: ಒಂದು ಕೊಳ್ಳುವವರದು, ಇನ್ನೊಂದು ಕೋವಿಯದು. ಪರವಾನಗಿ ಪಡೆದ ವ್ಯಾಪಾರಿ ನಿಮ್ಮ ಪರವಾನಗಿ ಪುಸ್ತಕದಲ್ಲಿರುವ ಭಾವಚಿತ್ರವನ್ನು ನಿಮ್ಮ ಮುಖಕ್ಕೆ ತಾಳೆ ನೋಡುತ್ತಾರೆ, ಶಸ್ತ್ರಾಸ್ತ್ರ ಪರವಾನಗಿಗಳ ರಾಷ್ಟ್ರೀಯ ದತ್ತಾಂಶದಲ್ಲಿ ನಿಮಗೆ ಕೊಟ್ಟಿರುವ ವಿಶಿಷ್ಟ ಗುರುತಿನ ಸಂಖ್ಯೆಯನ್ನು, ಅಂದರೆ ಯುಐಎನ್ ಅನ್ನು, ಬರೆದುಕೊಳ್ಳುತ್ತಾರೆ. ಆ ಸಂಖ್ಯೆ ಇಲ್ಲದ ಹಳೆಯ ಪರವಾನಗಿ ಈಗ ಊರ್ಜಿತವಲ್ಲ. ನಂತರ ಕೋವಿಯ ಮೇಲೆ ಕೊರೆದಿರುವ ತಯಾರಕರ ಹೆಸರು ಮತ್ತು ಸಂಖ್ಯೆ. ಗ್ರೀಸು ಒರೆಸಿ, ಬೆಳಕು ಓರೆಯಾಗಿ ಬೀಳುವಂತೆ ಹಿಡಿದು, ಒಂದೊಂದೇ ಅಂಕಿಯನ್ನು ನೀವೂ ಓದಿ. ವ್ಯಾಪಾರಿ ಪುಸ್ತಕದಲ್ಲಿ ಬರೆದದ್ದಕ್ಕೆ ಹೋಲಿಸಿ. ಸವೆದ 3 ಮತ್ತು 8 ಒಂದೇ ರೀತಿ ಕಾಣುತ್ತವೆ. ಅಂಗಡಿಯಲ್ಲಿ ತಪ್ಪಿದ ಒಂದು ಅಂಕಿ ಮುಂದಿನ ನವೀಕರಣದ ತಪಾಸಣೆಯಲ್ಲಿ ಎದ್ದು ಬರುತ್ತದೆ, ಆಗ ಉತ್ತರ ಹೇಳಬೇಕಾದವರು ನೀವು. ಸಂಖ್ಯೆ ಅಳಿಸಿದ ಬಂದೂಕು ಯಾರ ಬಳಿ ಸಿಗುತ್ತದೆಯೋ ಅವರೇ ಅಳಿಸಿದ್ದಾರೆ ಎಂದು ಕಾಯ್ದೆ ಭಾವಿಸುತ್ತದೆ. ಹಾಗಲ್ಲವೆಂದು ಸಾಬೀತು ಮಾಡುವ ಹೊರೆ ಅವರದೇ.

ಪರಿಚಯದವರಿಂದ ಕೋವಿ ಕೊಳ್ಳುವುದಕ್ಕೂ ನಿಯಮವಿದೆ. ಇಬ್ಬರಿಗೂ ಪರವಾನಗಿ ಇದ್ದರೂ ಮಾರುವವರು ಜಿಲ್ಲಾ ದಂಡಾಧಿಕಾರಿಗಾಗಲಿ ಹತ್ತಿರದ ಠಾಣೆಗಾಗಲಿ ಬರವಣಿಗೆಯಲ್ಲಿ ತಿಳಿಸಿ, 45 ದಿನ ಕಳೆದ ಮೇಲೆ ಮಾತ್ರ ಮಾರಬಹುದು. ಊರಿನ ಕುಲುಮೆಯಲ್ಲಿ ಕೋವಿ ಮಾಡಿಸುವ ಮಾತಂತೂ ಬೇಡವೇ ಬೇಡ. 2019ರ ತಿದ್ದುಪಡಿಯ ನಂತರ ಅಕ್ರಮವಾಗಿ ಬಂದೂಕು ತಯಾರಿಸುವುದಕ್ಕೂ ಮಾರುವುದಕ್ಕೂ ಕನಿಷ್ಠ 7 ವರ್ಷದಿಂದ ಜೀವಾವಧಿಯವರೆಗೆ ಶಿಕ್ಷೆ ಇದೆ. ಅದೇ ತಿದ್ದುಪಡಿ ಒಬ್ಬರು ಹೊಂದಬಹುದಾದ ಬಂದೂಕುಗಳನ್ನು 3ರಿಂದ 2ಕ್ಕೆ ಇಳಿಸಿತು, ಪರವಾನಗಿಯ ಅವಧಿಯನ್ನು 3ರಿಂದ 5 ವರ್ಷಕ್ಕೆ ಏರಿಸಿತು. ಮದುವೆಯಲ್ಲೋ ಹಬ್ಬದಲ್ಲೋ ಸಂಭ್ರಮಕ್ಕೆಂದು ಅಜಾಗರೂಕತೆಯಿಂದ ಗುಂಡು ಹಾರಿಸಿ ಜೀವಕ್ಕೆ ಅಪಾಯ ತಂದರೆ 2 ವರ್ಷದವರೆಗೆ ಸೆರೆ ಅಥವಾ 1 ಲಕ್ಷ ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ.

[ದೃಶ್ಯ: ತೋಟದ ಬೇಲಿ. ಹಂದಿ ಕೆದಕಿದ ಮಣ್ಣು, ಉರುಳಿದ ಬಾಳೆ.]

ಈಗ ಬಹಳ ಜನ ತಪ್ಪು ತಿಳಿದಿರುವ ಒಂದು ವಿಷಯವನ್ನು ಹೇಳಲೇಬೇಕು. ಬೆಳೆ ರಕ್ಷಣೆಯ ಪರವಾನಗಿ ಇದೆ ಎಂದ ಮಾತ್ರಕ್ಕೆ ತೋಟಕ್ಕೆ ಬಂದ ಪ್ರಾಣಿಯನ್ನು ಕೊಲ್ಲುವ ಅನುಮತಿ ಸಿಕ್ಕಂತಾಗುವುದಿಲ್ಲ. ಕೋವಿ ಹೊಂದುವುದನ್ನು ಒಂದು ಕಾಯ್ದೆ ನೋಡಿಕೊಳ್ಳುತ್ತದೆ, ಪ್ರಾಣಿಯನ್ನು ಇನ್ನೊಂದು ಕಾಯ್ದೆ ಕಾಯುತ್ತದೆ. ವನ್ಯಜೀವಿ ಕಾಯ್ದೆಗೆ 2022ರಲ್ಲಿ ಆದ ತಿದ್ದುಪಡಿಯ ನಂತರ ಕಾಡುಹಂದಿ ಎರಡನೇ ಅನುಸೂಚಿಯಲ್ಲಿ, ಅಂದರೆ ಸಂರಕ್ಷಿತ ಪ್ರಾಣಿಗಳ ಎರಡನೇ ಪಟ್ಟಿಯಲ್ಲಿ, ಇದೆ. ಅದು ಬೆಳೆಗೆ ಅಪಾಯಕಾರಿಯಾಗಿದ್ದರೆ ಅಧಿಕಾರ ಪಡೆದ ಅಧಿಕಾರಿ ಲಿಖಿತ ಆದೇಶದ ಮೂಲಕ ಬೇಟೆಗೆ ಅನುಮತಿ ಕೊಡಬಹುದು. ಅಡಿಕೆ, ಬಾಳೆ, ತೆಂಗಿಗೆ ಹೆಚ್ಚು ಹಾನಿ ಮಾಡುವ ನಮ್ಮ ಮಂಗ ಮಾತ್ರ, ಕಾಡುಕೋಣದ ಹಾಗೆಯೇ, ಮೊದಲನೇ ಅನುಸೂಚಿಯಲ್ಲಿದೆ. ಅಲ್ಲಿರುವ ಪ್ರಾಣಿಯ ವಿಷಯದಲ್ಲಿ ಬೆಳೆ ನಷ್ಟ ಎಂಬ ಕಾರಣಕ್ಕೆ ಬೇಟೆಯ ಅನುಮತಿ ಸಿಗುವುದಿಲ್ಲ. ವರ್ಷದ ಫಸಲು ಕಣ್ಣೆದುರೇ ನೆಲಕ್ಕೆ ಬೀಳುವಾಗ ಇದನ್ನು ಒಪ್ಪಿಕೊಳ್ಳುವುದು ಎಷ್ಟು ಕಷ್ಟ ಎಂಬುದು ನನಗೆ ಗೊತ್ತಿದೆ, ನಮ್ಮದೂ ಅದೇ ತೋಟ. ಆದರೂ ಕೋವಿಯ ಸದ್ದಿನಿಂದ ಹಿಂಡನ್ನು ಬೆದರಿಸಿ ಅಟ್ಟುವುದಕ್ಕೂ ಹಿಂಡಿನ ಮೇಲೆ ಚರೆ ಹೊಡೆಯುವುದಕ್ಕೂ ನಡುವಿನ ಗೆರೆ ದಾಟಿದರೆ ಪ್ರಾಣಿಯ ಪ್ರಕರಣದ ಜೊತೆಗೆ ಪರವಾನಗಿಯೂ ಹೋಗುತ್ತದೆ.

[ದೃಶ್ಯ: ಹಳೆಯ ಮನೆಯ ಒಳಗೋಡೆ. ಕೋವಿ ತೂಗುಹಾಕುತ್ತಿದ್ದ ಮೊಳೆಗಳ ಕೆಳಗೆ ಸುಣ್ಣದ ಮೇಲೆ ಉಳಿದ ಕಪ್ಪು ಗೆರೆ.]

ಇನ್ನು ನಮ್ಮ ಮನೆಯ ಸಂಗತಿ. ದೊಡ್ಡಪ್ಪ ತೀರಿಕೊಂಡಾಗ ಕಾರ್ಯಗಳೆಲ್ಲ ಮುಗಿದು, ನೆಂಟರಿಷ್ಟರು ಹೊರಟುಹೋದ ಮೇಲೂ ಕೋವಿ ಅದೇ ಗೋಡೆಯಲ್ಲಿತ್ತು. ಏನು ಮಾಡಬೇಕೆಂದು ಒಂದು ಕಚೇರಿಯಲ್ಲಿ ವಿಚಾರಿಸಿದಾಗ, ಮುಂದಿನ ನವೀಕರಣದ ಹೊತ್ತಿಗೆ ಹೆಸರು ಬದಲಿಸಿಕೊಂಡರಾಯಿತು ಎಂದು ಅಲ್ಲಿದ್ದವರು ಹೇಳಿ ಕಳಿಸಿದರು. ನಾವು ಅದನ್ನು ನಂಬಿ ಏಳು ತಿಂಗಳು ಸುಮ್ಮನಿದ್ದೆವು. ಆ ಸಲಹೆ ತಪ್ಪಾಗಿತ್ತು. ಪರವಾನಗಿದಾರರು ತೀರಿಕೊಂಡ ಮೇಲೆ ಕೋವಿಯನ್ನು ಅನಗತ್ಯ ವಿಳಂಬವಿಲ್ಲದೆ ಪೊಲೀಸ್ ಠಾಣೆಯಲ್ಲೋ ಪರವಾನಗಿ ಪಡೆದ ವ್ಯಾಪಾರಿಯಲ್ಲೋ ಜಮೆ ಮಾಡಿ ರಸೀದಿ ಪಡೆಯಬೇಕೆಂದು 21ನೇ ಕಲಮು ಹೇಳುತ್ತದೆ. ಪರವಾನಗಿ ಇಲ್ಲದೆ ಬಂದೂಕು ಇಟ್ಟುಕೊಂಡವರಿಗೆ ಈಗ 2ರಿಂದ 5 ವರ್ಷ ಸೆರೆವಾಸದ ಶಿಕ್ಷೆ ಇದೆ. ವಕೀಲರೊಬ್ಬರು ಇದನ್ನು ವಿವರಿಸಿದ ದಿನವೇ ಅಣ್ಣ ವಿಳಂಬದ ಕಾರಣ ಬರೆದು, ಪರವಾನಗಿ ಪುಸ್ತಕದ ಸಮೇತ ಕೋವಿಯನ್ನು ಠಾಣೆಗೆ ಒಪ್ಪಿಸಿದ. ದೊಡ್ಡಮ್ಮನಿಗೆ ಅಂದು ರಾತ್ರಿ ನಿದ್ದೆ ಹತ್ತಿರಲಿಲ್ಲ.

ನಂತರದ ಹಾದಿ ಹೀಗಿತ್ತು: ಮರಣ ಪ್ರಮಾಣಪತ್ರ, ವಂಶವೃಕ್ಷ, ಉಳಿದ ವಾರಸುದಾರರ ಒಪ್ಪಿಗೆ ಪತ್ರ, ಅದರ ಮೇಲೆ ಅಣ್ಣನ ಸ್ವಂತ ಹೆಸರಿನಲ್ಲಿ ಹೊಸ ಅರ್ಜಿ, ಹೊಸ ವೈದ್ಯಕೀಯ ಪತ್ರ, ಹೊಸ ಪೊಲೀಸ್ ವರದಿ. ಮದುವೆಯಾಗಿ ಕುಮಟಾದಲ್ಲಿದ್ದ ಅಕ್ಕನ ಸಹಿಗೆಂದೇ ಒಂದು ತಿಂಗಳು ಹಿಡಿಯಿತು. ಇದನ್ನು ಹಿರಿಯರು ಇರುವಾಗಲೇ ಮಾಡಿಕೊಳ್ಳಲು ದಾರಿಯಿದೆ. ಪರವಾನಗಿದಾರರಿಗೆ 70 ವರ್ಷ ತುಂಬಿದ್ದರೆ ಅಥವಾ ಅವರು ಆ ಬಂದೂಕನ್ನು 25 ವರ್ಷ ಹೊಂದಿದ್ದರೆ, ತಾವೇ ಹೆಸರಿಸಿದ ವಾರಸುದಾರರಿಗೆ ಪರವಾನಗಿ ಕೊಡುವಂತೆ ಕೋರಲು 2016ರ ನಿಯಮಗಳು ಅವಕಾಶ ಕೊಡುತ್ತವೆ. ಅಜ್ಜನ ಹೆಸರಿನ ಕೋವಿ ಇರುವ ಮನೆಯವರು ಈ ವಿಡಿಯೋ ನೋಡುತ್ತಿದ್ದರೆ ಇವತ್ತೇ ಪುಸ್ತಕ ತೆರೆದು ಹೆಸರು ಮತ್ತು ದಿನಾಂಕ ನೋಡಿ.

ನವೀಕರಣದ ಅರ್ಜಿಯನ್ನು ಅವಧಿ ಮುಗಿಯುವ ಎರಡು ತಿಂಗಳಾದರೂ ಮೊದಲು ಸಲ್ಲಿಸುವುದು ಒಳ್ಳೆಯದು. ಚುನಾವಣೆಯ ಸಮಯದಲ್ಲಿ ಕೋವಿ ಜಮೆ ಮಾಡುವಂತೆ ಸೂಚನೆ ಬಂದರೆ ರಸೀದಿ ಇಲ್ಲದೆ ಕೊಡಬೇಡಿ. ಬೆಳೆ ಕಾಯಲು ಅಗತ್ಯವಿದ್ದವರು ಜಿಲ್ಲಾ ಮಟ್ಟದ ಪರಿಶೀಲನಾ ಸಮಿತಿಗೆ ವಿನಾಯಿತಿ ಕೋರಿ ಮನವಿ ಕೊಡಬಹುದು. ರಿಪೇರಿಗೋ ನವೀಕರಣಕ್ಕೋ ಕೋವಿಯನ್ನು ಬೇರೆಯವರ ಕೈಯಲ್ಲಿ ಕಳಿಸುವುದಾದರೆ ಪರವಾನಗಿದಾರರ ಲಿಖಿತ ಅಧಿಕಾರ ಪತ್ರ ಅವರ ಬಳಿ ಇರಬೇಕು.

[ದೃಶ್ಯ: ಬೀಗ ಹಾಕಿದ ಮರದ ಕಪಾಟು. ಕೆಳಗಿನ ಖಾನೆಯಲ್ಲಿ ತೋಟಾಗಳ ಡಬ್ಬಿ, ಅದಕ್ಕೆ ಬೇರೆ ಬೀಗ.]

ಅಣ್ಣನ ಪರವಾನಗಿ ಬಂದ ದಿನ ಠಾಣೆಯಲ್ಲಿ ಕೋವಿ ವಾಪಸು ಕೊಡುವಾಗ ಸಿಬ್ಬಂದಿ ಸಂಖ್ಯೆಯನ್ನು ಗಟ್ಟಿಯಾಗಿ ಓದಿದರು, ಅಣ್ಣ ಪುಸ್ತಕದ ಮೇಲೆ ಬೆರಳಿಟ್ಟು ಒಂದೊಂದೇ ಅಂಕಿಯನ್ನು ತಾಳೆ ನೋಡಿದ. ಮನೆಗೆ ತಂದ ಮೇಲೆ ಅದು ಗೋಡೆಗೆ ಹೋಗಲಿಲ್ಲ. ಕೋವಿ ಒಂದು ಬೀಗದೊಳಗೆ, ತೋಟಾ ಇನ್ನೊಂದು ಬೀಗದೊಳಗೆ, ಎರಡರ ಕೀಲಿಯೂ ಅಣ್ಣನ ಬಳಿ.