‘ಗಡಿ’ ಅಂದ್ರೆ ತ್ರಿಶೂರ್ ಆಗಲ್ಲ

ಮಲಯಾಳಂ ಸಿನಿಮಾ ನೋಡಿ ಬಂದವರ ಬಾಯಲ್ಲಿ ಒಂದೇ ಮಾತು: ‘ಎಷ್ಟು ನ್ಯಾಚುರಲ್ ಆಗಿದೆ ಮಾರಾಯ!’ ಕ್ಯಾಮೆರಾ ಇಟ್ಟು ಸುಮ್ನೆ ಕೂತ್ರೆ ಕೇರಳ ತಾನಾಗೇ ಬಂದು ಫ್ರೇಮಿಗೆ ಬೀಳುತ್ತೆ ಅನ್ನೋ ಥರ. ನನಗೆ ಈ ಹೊಗಳಿಕೆ ಹಿಡಿಸಲ್ಲ. ಅದರ ಹಿಂದಿನ ದುಡಿಮೆಯೇ ಮರೆತುಹೋಗುತ್ತೆ.

ಮಾತನ್ನೇ ತಗೊಳ್ಳಿ. 1980, 90ರ ದಶಕದಲ್ಲಿ ತೆರೆ ಮೇಲಿನ ಕೇರಳ ಅಂದ್ರೆ ಬಹುಮಟ್ಟಿಗೆ ಮಧ್ಯ ಕೇರಳದ ವಳ್ಳುವನಾಡು ಸೀಮೆ. ಒಟ್ಟಪಾಲಂ, ಭಾರತಪ್ಪುಳ ಹೊಳೆ, ದೊಡ್ಡ ತರವಾಡು (ಕೂಡುಕುಟುಂಬದ ಹಳೇ) ಮನೆ. ಎಂ.ಟಿ. ವಾಸುದೇವನ್ ನಾಯರ್ ಚಿತ್ರಕಥೆಗಳ ಬಲದಿಂದ ಆ ಸೀಮೆಯ ಮಾತೇ ಸಿನಿಮಾದ ಶಿಷ್ಟ ಭಾಷೆ ಆಗಿಬಿಡ್ತು. 1993ರ ‘ದೇವಾಸುರಂ’ನಲ್ಲಿ ಮಂಗಲಶ್ಶೇರಿ ನೀಲಕಂಠನ ಮನೆ ನೆನಪಿದೆಯಲ್ಲ? ಅದು ಒಟ್ಟಪಾಲಂ ಹತ್ತಿರದ ವರಿಕ್ಕಾಶ್ಶೇರಿ ಮನ, ನಂಬೂದಿರಿಗಳ ಮನೆ. ಮಿಕ್ಕ ಊರುಗಳ ಮಾತಿಗೆ ಹೆಚ್ಚಾಗಿ ಸಿಕ್ಕಿದ್ದು ನಗಿಸೋ ಕೆಲಸ.

ಆ ಕಟ್ಟು ಸಡಿಲ ಆಗಿದ್ದು ಈಚೆಗೆ. 2017ರ ‘ಅಂಗಮಾಲಿ ಡೈರೀಸ್’ನಲ್ಲಿ 86 ಹೊಸ ಮುಖಗಳು, ಮಾತು ಅಂಗಮಾಲಿಯದ್ದೇ. ಅದೇ ವರ್ಷದ ‘ತೊಂಡಿಮುದಲುಂ ದೃಕ್ಸಾಕ್ಷಿಯುಂ’ನಲ್ಲಿ ತೆಂಕಣ ಕೇರಳದ ಗಂಡಹೆಂಡತಿ ಕಾಸರಗೋಡಿಗೆ ಬಂದು ಸರ ಕಳ್ಕೊಳ್ತಾರೆ. ಠಾಣೆಯ ಪೊಲೀಸರ ಪಾತ್ರದಲ್ಲಿ ಹಲವರು ನಿಜವಾದ ಪೊಲೀಸರೇ. ದೂರು ಬರೆಸಿಕೊಳ್ಳೋ ಆ ಬೇಸರ, ಆ ಸಲಿಗೆ, ವೃತ್ತಿನಟರಿಗೆ ಹತ್ತು ದಿನ ಹೇಳಿಕೊಟ್ರೂ ಬರೋದು ಕಷ್ಟ.

ಕಾಸರಗೋಡಿನ ಮಲಯಾಳವನ್ನ ಸ್ವಲ್ಪ ಕಿವಿಕೊಟ್ಟು ಕೇಳಿ. ‘ವೆಳ್ಳಂ’ ಅಂದ್ರೆ ನೀರು. ಅಲ್ಲಿ ಎಷ್ಟೋ ಜನರ ಬಾಯಲ್ಲಿ ಅದು ‘ಬೆಳ್ಳಂ’. ಪದದ ಮೊದಲಿನ ವಕಾರ ಬಕಾರ ಆಗುತ್ತೆ. ತಮಿಳು, ಮಲಯಾಳಂನ ‘ವಾ’ ನಮ್ಮಲ್ಲಿ ‘ಬಾ’ ಆದ ಹಾಗೇ. ‘ಅವನ್’ ಹೋಗಿ ‘ಓನ್’, ‘ಅವಳ್’ ಹೋಗಿ ‘ಓಳ್’. ‘ಪೋಯಿ’ (ಹೋದ) ಅನ್ನೋ ಕಡೆ ‘ಪೋಯಿನಿ’. ಕೊನೇದನ್ನ ಗಮನಿಸಿ, ಬದಲಾಗಿರೋದು ಕ್ರಿಯಾಪದದ ಬಾಲ. ಎಡವೋದೂ ಅಲ್ಲೇ. ನಟ ನಾಲ್ಕು ಊರಪದ ಬಾಯಿಪಾಠ ಮಾಡ್ತಾನೆ, ಕ್ರಿಯಾಪದ ಮಾತ್ರ ಪತ್ರಿಕೆಯ ಭಾಷೆಯಲ್ಲೇ ಉಳಿಯುತ್ತೆ. ‘ಗಡಿ’ (ನಮ್ಮ ಗಡಿ ಅಲ್ಲ, ಗೆಳೆಯ ಅಂತ) ಸೇರಿಸಿದ ಮಾತ್ರಕ್ಕೆ ತ್ರಿಶೂರ್ ಆಗಲ್ಲ. ನಾವು ‘ಲೇ’ ಹಚ್ಚಿ ಧಾರವಾಡ ಮಾಡ್ತೀವಲ್ಲ, ಅದೇ ಕಥೆ.

ಎರಡನೇ ತಪ್ಪು ಇನ್ನೂ ಕೆಟ್ಟದ್ದು: ಒಂದೇ ಮನೆಯಲ್ಲಿ ಅಪ್ಪ ಒಂದು ಜಿಲ್ಲೆ, ಮಗಳು ಇನ್ನೊಂದು ಜಿಲ್ಲೆ. ಸ್ಟಾರ್ ಒಬ್ಬನಿಗೆ ಮಾತು ಕಲಿಸಿ ಮಿಕ್ಕವರನ್ನ ಡಬ್ಬಿಂಗ್‌ಗೆ ಬಿಟ್ರೆ ಹೀಗಾಗುತ್ತೆ. ಆಡುಮಾತು ಇರೋದು ಧಾಟಿಯಲ್ಲಿ. ಸ್ಟುಡಿಯೋದಲ್ಲಿ ತುಟಿ ಹೊಂದಿಸೋ ಗಡಿಬಿಡಿಯಲ್ಲಿ ಮೊದಲು ಸಾಯೋದೇ ಅದು. ನಿರ್ದೇಶಕ ಸೆನ್ನ ಹೆಗ್ಡೆ 2021ರ ‘ತಿಂಗಳಾಳ್ಚ ನಿಶ್ಚಯಂ’ನಲ್ಲಿ ಇದಕ್ಕೆ ದಾರಿ ಹುಡುಕಿದ್ರು. ಕಾಸರಗೋಡು ಜಿಲ್ಲೆಯ ಕಾಞ್ಞಂಗಾಡಿನ ಒಂದೇ ಮನೆ, ನಿಶ್ಚಿತಾರ್ಥದ ಗಲಾಟೆ, ಹೆಚ್ಚಿನವರು ಹೊಸಬರು. ಮನೆಮಂದಿಯೆಲ್ಲ ಒಬ್ಬರ ಮಾತಿನ ಮೇಲೊಬ್ಬರು ಬಿದ್ದು ಮಾತಾಡ್ತಾರೆ, ಆದ್ರೂ ಧಾಟಿ ಒಂದೇ. ಮಲಯಾಳಂನ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪ್ರಶಸ್ತಿ ಬಂತು. 2022ರ ‘ನ್ನಾ ತಾನ್ ಕೇಸ್ ಕೊಡ್’ನ ನ್ಯಾಯಾಧೀಶರ ಪಾತ್ರ ಮಾಡಿದ್ದಂತೂ ಆ ಕಡೆಯ ಮೇಷ್ಟ್ರು, ಪಿ.ಪಿ. ಕುಞ್ಞಿಕೃಷ್ಣನ್. ರಾಜ್ಯಪ್ರಶಸ್ತಿ ಅವರಿಗೂ ಸಿಕ್ತು.

ಆದ್ರೆ ನನ್ನದೊಂದು ತಕರಾರಿದೆ. ಈ ಸಿನಿಮಾಗಳ ಕಾಸರಗೋಡು ಹೆಚ್ಚಾಗಿ ತೆಂಕಣದ ಕಾಞ್ಞಂಗಾಡು, ಪಯ್ಯನ್ನೂರು ಕಡೆಗೆ ವಾಲಿದ್ದು. ಚಂದ್ರಗಿರಿ ಹೊಳೆಯ ಬಡಗಣ ದಂಡೆಯ ಕನ್ನಡ, ತುಳು, ಬ್ಯಾರಿ ಮಾತು ಅವುಗಳಲ್ಲಿ ಕಿವಿಗೆ ಬೀಳೋದು ಅಪರೂಪ. ಕಾಸರಗೋಡು 1956ರವರೆಗೆ ದಕ್ಷಿಣ ಕನ್ನಡ ಜಿಲ್ಲೆಯಲ್ಲೇ ಇದ್ದ ತಾಲ್ಲೂಕು. ಅಲ್ಲಿನ ಕನ್ನಡ ಶಾಲೆಗೆ ಮಲಯಾಳಿ ಮೇಷ್ಟ್ರು ಬಂದ್ರೆ ಏನಾಗುತ್ತೆ ಅಂತ 2018ರಲ್ಲಿ ತೋರಿಸಿದ್ದು ಕನ್ನಡದ ‘ಸರ್ಕಾರಿ ಹಿ. ಪ್ರಾ. ಶಾಲೆ ಕಾಸರಗೋಡು’. ಅದೇ ತರಗತಿಯನ್ನ ಆ ಮೇಷ್ಟ್ರ ಕಡೆಯಿಂದ ನೋಡೋ ಮಲಯಾಳಂ ಸಿನಿಮಾ ಬಂದ್ರೆ, ಮೊದಲ ದಿನದ ಮೊದಲ ಶೋಗೆ ನಾನಿರ್ತೀನಿ.