ಒಡೆಯುವುದೂ ಕೆಲಸವೇ

ನಮಸ್ಕಾರ. ಪ್ರೋಟೀನ್ ಅಂದ ಕೂಡಲೇ ಈಗಿನ ಹುಡುಗರಿಗೆ ಜಿಮ್ಮಿನ ಪುಡಿ ಡಬ್ಬ ನೆನಪಾಗುತ್ತದೆ. ಅದನ್ನು ಸ್ವಲ್ಪ ಬದಿಗಿಡಿ. ನಮ್ಮ ಒಂದೊಂದು ಜೀವಕೋಶದ ಒಳಗೂ ಸಾವಿರಾರು ಬಗೆಯ ಪ್ರೋಟೀನ್‌ಗಳಿವೆ. ಅವು ತಯಾರಾಗುತ್ತಲೇ ಇರುತ್ತವೆ, ಕೆಲಸ ಮುಗಿದ ಮೇಲೆ ಒಡೆದುಹೋಗುತ್ತವೆ. ತಯಾರಾಗುವುದು ಹೇಗೆ ಅಂತ ಶಾಲೆಯಲ್ಲೇ ಹೇಳಿಕೊಡುತ್ತಾರೆ. ಒಡೆಯುವುದು ಹೇಗೆ? ಅದನ್ನು ಕೇಳುವವರೇ ಕಡಿಮೆ. ನಾನು ಇವತ್ತು ಹೇಳಬೇಕೆಂದಿರುವುದು ಇಷ್ಟೇ, ಒಡೆಯುವುದೂ ಕೆಲಸವೇ.

ಅದನ್ನೇ ಜೀವಮಾನವಿಡೀ ಕೇಳಿದವರು ಅವ್ರಾಮ್ ಹೆರ್ಷ್ಕೊ. 1937ರಲ್ಲಿ ಹಂಗೇರಿಯಲ್ಲಿ ಹುಟ್ಟಿ, ಆಮೇಲೆ ಇಸ್ರೇಲ್ ಸೇರಿದವರು. ಓದಿದ್ದು ಡಾಕ್ಟರಿಕೆ. ನಮ್ಮ ಕಾಸರಗೋಡಿನ ಬದಿಯಡ್ಕ, ಪೆರ್ಲ, ಮುಳ್ಳೇರಿಯದ ಅಪ್ಪ ಅಮ್ಮಂದಿರೇ, ದಯವಿಟ್ಟು ಕೇಳಿ: ಡಾಕ್ಟರಾದ ಮೇಲೂ ಈ ಮನುಷ್ಯ ಲ್ಯಾಬಿಗೇ ಹೋದರು! ಮಗಳು ಬಯೋಕೆಮಿಸ್ಟ್ರಿ ಓದುತ್ತೇನೆ ಅಂದರೆ ನೀಟ್‌ನಲ್ಲಿ ಮಾರ್ಕ್ ಬರಲಿಲ್ವಾ ಅಂತ ಕೇಳುವುದನ್ನು ಇನ್ನಾದರೂ ಬಿಡಿ ಮಾರಾಯ್ರೆ.

ಆಗ ಎಲ್ಲರೂ ಜೀನ್ ಹಿಂದೆ, ಪ್ರೋಟೀನ್ ತಯಾರಿಯ ಹಿಂದೆ ಓಡುತ್ತಿದ್ದರು. ಇವರಿಗೆ ಕಾಡಿದ್ದು ಒಂದು ವಿಚಿತ್ರ. ಹೊಟ್ಟೆಯಲ್ಲಿ ಊಟದ ಪ್ರೋಟೀನ್ ಒಡೆಯಲು ಎಟಿಪಿ ಅನ್ನುವ ಶಕ್ತಿಯ ಅಣು ಬೇಕಿಲ್ಲ, ಕೋಶದ ಒಳಗೆ ಒಡೆಯಲು ಮಾತ್ರ ಎಟಿಪಿ ಬೇಕು, ಅಂದರೆ ಶಕ್ತಿ ಖರ್ಚಾಗುತ್ತದೆ. ಸುಮ್ನೆ ಬೀಳುವುದಕ್ಕೆ ಯಾರಾದರೂ ಖರ್ಚು ಮಾಡುತ್ತಾರಾ? ಏನೋ ಲೆಕ್ಕಾಚಾರ ಇರಲೇಬೇಕು, ಅಲ್ವಾ?

ಇಲ್ಲಿಂದ ನನಗೆ ತುಂಬಾ ಇಷ್ಟದ ಕತೆ. ಇಸ್ರೇಲಿನ ಹೈಫಾ ನಗರದ ಟೆಕ್ನಿಯಾನ್ ವಿಶ್ವವಿದ್ಯಾಲಯದಲ್ಲಿ ಹೆರ್ಷ್ಕೊ ಮತ್ತು ಅವರ ವಿದ್ಯಾರ್ಥಿ ಆರನ್ ಚೆಹನೋವರ್ ಮೊಲದ ಎಳೆಯ ಕೆಂಪು ರಕ್ತಕಣಗಳನ್ನು ಒಡೆದು ಆ ರಸದಲ್ಲಿ ಕೆಲಸ ಶುರು ಮಾಡಿದರು. ಅದರಲ್ಲಿ ಹಿಮೋಗ್ಲೋಬಿನ್ ವಿಪರೀತ ಜಾಸ್ತಿ. ಅದನ್ನು ತೆಗೆಯೋಣ ಅಂತ ರಸವನ್ನು ಒಂದು ಕಾಲಮ್ಮಿನಲ್ಲಿ, ಅಂದರೆ ವಸ್ತುಗಳನ್ನು ಬೇರ್ಪಡಿಸುವ ಕೊಳವೆಯಲ್ಲಿ, ಹಾಯಿಸಿದರು. ಎರಡು ಪಾಲಾಯಿತು. ಕೆಲಸ ಮಾಡುವ ಕಿಣ್ವ ಯಾವುದಾದರೂ ಒಂದರಲ್ಲಿ ಇರಬೇಕು ತಾನೇ? ಮೊದಲನೆಯದರಲ್ಲಿ ಇಲ್ಲ. ಎರಡನೆಯದರಲ್ಲೂ ಇಲ್ಲ. ಬೇರೆ ಯಾರಾದರೂ ಆಗಿದ್ದರೆ ಕೆಟ್ಟುಹೋಯಿತು ಅಂತ ಸಿಂಕಿಗೆ ಚೆಲ್ಲುತ್ತಿದ್ದರು. ಇವರು ಎರಡನ್ನೂ ಬೆರೆಸಿದರು, ಪ್ರೋಟೀನ್ ಒಡೆಯತೊಡಗಿತು! ಅಂದರೆ ಇದು ಒಂಟಿ ಕಿಣ್ವದ ಕೆಲಸವಲ್ಲ. ಸರಿ, ಮೊದಲ ಪಾಲಿನಲ್ಲಿ ಇರುವುದು ಏನು? ಅದರ ತುಂಬ ಕೆಂಪು ಹಿಮೋಗ್ಲೋಬಿನ್. ಕುದಿಸಿದರೆ ಸಾಮಾನ್ಯವಾಗಿ ಪ್ರೋಟೀನ್‌ಗಳು ಗಟ್ಟಿಯಾಗುತ್ತವೆ, ಮೊಟ್ಟೆಯ ಬಿಳಿ ಆಗುವುದಿಲ್ವಾ? ಆದರೂ ಬಿಸಿ ಮಾಡಿಯೇ ನೋಡಿದರು. ಹಿಮೋಗ್ಲೋಬಿನ್ ಕೆಸರಾಗಿ ತಳಕ್ಕಿಳಿಯಿತು. ಮೇಲೆ ಉಳಿದ ತಿಳಿನೀರಿನಲ್ಲಿ ನೋಡಿದರೆ, ಬೇಕಾದ ಆ ವಸ್ತು ಏನೂ ಆಗದೆ ಕೂತಿತ್ತು. ಅದೂ ಒಂದು ಪ್ರೋಟೀನೇ, ಆದರೆ ಬರೇ 76 ಅಮೈನೋ ಆಮ್ಲಗಳ ಪುಟಾಣಿ. ಇವತ್ತು ಅದಕ್ಕೆ ಯುಬಿಕ್ವಿಟಿನ್ ಅಂತ ಹೆಸರು. ಈ ಸಂಗತಿ 1978ರಲ್ಲಿ ಪ್ರಕಟವಾಯಿತು.

ಆಮೇಲೆ ಅಮೆರಿಕದ ಫಿಲಡೆಲ್ಫಿಯಾದಲ್ಲಿ ಇರ್ವಿನ್ ರೋಸ್ ಅನ್ನುವ ವಿಜ್ಞಾನಿಯ ಜೊತೆ ಸೇರಿ, 1980ರ ಹೊತ್ತಿಗೆ ಅದರ ಕೆಲಸ ಏನೆಂದು ಕಂಡುಕೊಂಡರು. ತಲಪಾಡಿಯಿಂದ ಈಚೆ ಹೈವೇ ಅಗಲ ಮಾಡುವಾಗ ನೋಡಿದ್ದೀರಲ್ಲ, ಒಡೆಯಬೇಕಾದ್ದಕ್ಕೆ ಮೊದಲು ಗುರುತು ಬೀಳುತ್ತದೆ, ಜೆಸಿಬಿ ಆಮೇಲೆ ಬರುತ್ತದೆ. ಯುಬಿಕ್ವಿಟಿನ್ ಆ ಗುರುತು. ಪ್ರೋಟಿಯಾಸೋಮ್ ಅನ್ನುವುದು ಜೆಸಿಬಿ. ಶಕ್ತಿ ಖರ್ಚಾಗುವುದು ಗುರುತು ಹಾಕಲಿಕ್ಕೆ, ಆಮೇಲೆ ಬಿಚ್ಚಿ ಒಡೆಯಲಿಕ್ಕೆ. ಬೇಡದ್ದನ್ನೇ ಆರಿಸಿ ಒಡೆಯುವುದೂ ಕೆಲಸವೇ, ಖರ್ಚಿನ ಕೆಲಸ.

ಮೂವರಿಗೂ 2004ರಲ್ಲಿ ರಸಾಯನಶಾಸ್ತ್ರದ ನೊಬೆಲ್ ಬಂತು. ಕೋಶ ಎರಡಾಗಬೇಕಾದರೆ ಸೈಕ್ಲಿನ್ ಅನ್ನುವ ಪ್ರೋಟೀನ್ ಸರಿಯಾದ ಹೊತ್ತಿಗೆ ಒಡೆಯಬೇಕು, ಹೆರ್ಷ್ಕೊ ಆಮೇಲೆ ಚಿಪ್ಪುಜೀವಿಗಳ ಮೊಟ್ಟೆ ಇಟ್ಟುಕೊಂಡು ಅದು ಒಡೆಯುವುದು ಹೇಗೆ ಅಂತ ಹುಡುಕಿದರು, ಅದೇ ಒಂದು ದೊಡ್ಡ ಕತೆ, ಸಮಯ ಇಲ್ಲ. ಮಲ್ಟಿಪಲ್ ಮೈಲೋಮಾ ಅನ್ನುವ ಕ್ಯಾನ್ಸರಿಗೆ ಬೋರ್ಟೆಜೊಮಿಬ್ ಅಂತ ಔಷಧಿ ಇದೆ. ಆ ಜೆಸಿಬಿಯನ್ನೇ ನಿಲ್ಲಿಸುತ್ತದೆ, ಒಡೆಯಬೇಕಾದ್ದು ಒಡೆಯದೆ ರಾಶಿ ಬಿದ್ದು ಕ್ಯಾನ್ಸರ್ ಕೋಶ ಸಾಯುತ್ತದೆ. ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 2003ರಲ್ಲಿ, ನೊಬೆಲ್‌ಗಿಂತ ಮೊದಲೇ.

ಪ್ಲಸ್ ಟೂ ಓದುತ್ತಿರುವ ಮಕ್ಕಳಿಗೆ ಒಂದು ಮಾತು. ಇದನ್ನು ಕಲಿಯಲು ಬೆಂಗಳೂರಿಗೇ ಓಡಬೇಕಾಗಿಲ್ಲ. ನಮ್ಮ ಪೆರಿಯದಲ್ಲಿರುವ ಕೇಂದ್ರೀಯ ವಿಶ್ವವಿದ್ಯಾಲಯದಲ್ಲೇ ಬಯೋಕೆಮಿಸ್ಟ್ರಿ ವಿಭಾಗ ಇದೆ. ಡಿಗ್ರಿಗೆ ಕೆಮಿಸ್ಟ್ರಿಯನ್ನು ಮಾತ್ರ ಬಿಡಬೇಡಿ. ನಮಸ್ಕಾರ.