ಕಿವಿಗೆ ಬಿದ್ದ ಯೂಕಾನ್

ಕೇಳುಗರೇ, ನಮಸ್ಕಾರ. ಅಡುಗೆಮನೆಯಲ್ಲಿ ರೇಡಿಯೋ ಹಾಕಿಕೊಂಡಿದ್ದರೆ ದನಿ ಸ್ವಲ್ಪ ಜಾಸ್ತಿ ಮಾಡಿ.

ಎಲ್ಲಿ ನೋಡಿದರೂ ಹಿಮ. ನಾಯಿಗಳು ಎಳೆಯುವ ಜಾರುಬಂಡಿ. ಹಿಂದೆ ಕೆಂಪು ಕೋಟಿನ ಪೊಲೀಸ್, ಜೊತೆಗೆ ಕಿಂಗ್ ಎಂಬ ನಾಯಿ. ಕೆನಡಾದ ಯೂಕಾನ್‌ಗೆ ಚಿನ್ನ ಹುಡುಕಿ ಜನ ನುಗ್ಗಿದ ಕಾಲ. ಅಮೆರಿಕದ ಟಿವಿಯಲ್ಲಿ 1955ರಿಂದ 1958ರವರೆಗೆ ಬಂದ ‘ಸಾರ್ಜೆಂಟ್ ಪ್ರೆಸ್ಟನ್ ಆಫ್ ದಿ ಯೂಕಾನ್’ ಇದು. ಒಟ್ಟು 78 ಕಂತು. ರಿಚರ್ಡ್ ಸಿಮನ್ಸ್ ನಾಯಕ.

ಇದನ್ನು ಟಿವಿ ಕಥೆ ಅಂತಾರೆ. ನಾನು ಒಪ್ಪಲ್ಲ. ಇದು ಕಿವಿಯ ಕಥೆ. ಶುರುವಾದದ್ದು 1938ರಲ್ಲಿ, ಡೆಟ್ರಾಯಿಟ್‌ನ ರೇಡಿಯೋದಲ್ಲಿ. ಆಗ ಕಿಂಗ್ ಆಗಿ ಬೊಗಳುತ್ತಿದ್ದದ್ದು ನಾಯಿಯಲ್ಲ, ಮೈಕಿನ ಮುಂದೆ ನಿಂತ ಮನುಷ್ಯ! ಮಕ್ಕಳು ನಂಬಿದರು.

ಎಷ್ಟು ನಂಬಿದರು ಗೊತ್ತಾ? ಕಾರ್ಯಕ್ರಮದ ಪ್ರಾಯೋಜಕರು ಕ್ವೇಕರ್ ಓಟ್ಸ್. ಅವರು ಯೂಕಾನ್‌ನ ಡಾಸನ್ ಪಟ್ಟಣದ ಹತ್ತಿರ 19 ಎಕರೆ ಚಿಲ್ಲರೆ ಜಮೀನು ಕೊಂಡರು. ಅದನ್ನು ಚದರ ಇಂಚು ಲೆಕ್ಕದಲ್ಲಿ ತುಂಡು ಮಾಡಿದರು. ನಮ್ಮ 30-40 ಸೈಟಿನಲ್ಲಿ ಅಂಥವು 1,72,800 ಆಗುತ್ತವೆ! 1955ರ ಆರಂಭದಲ್ಲಿ ತಿಂಡಿ ಡಬ್ಬದ ಜೊತೆ ಒಂದೊಂದು ಇಂಚಿಗೂ ಅಂದವಾದ ಹಕ್ಕುಪತ್ರ. ಒಟ್ಟು 2 ಕೋಟಿ 10 ಲಕ್ಷ ಪತ್ರ. ಮಕ್ಕಳು ಮುಗಿಬಿದ್ದರು. ನನ್ನ ಇಂಚಿಗೆ ಬೇಲಿ ಹಾಕಿ ಅಂತ ಒಬ್ಬ ಹುಡುಗ ನಾಲ್ಕು ಹಲ್ಲುಕಡ್ಡಿ ಕಳಿಸಿದನಂತೆ. ಆ ಹುಡುಗನನ್ನು ನೆನೆದರೆ ಇವತ್ತಿಗೂ ನನಗೆ ಗಂಟಲು ಕಟ್ಟುತ್ತದೆ. ಪತ್ರಗಳು ನೋಂದಣಿಯೇ ಆಗಿರಲಿಲ್ಲ. ಕಂದಾಯ ಬಾಕಿ ಉಳಿಯಿತು, ಬರೀ 37 ಡಾಲರ್ 20 ಸೆಂಟ್. 1965ರಲ್ಲಿ ಕೆನಡಾ ಸರ್ಕಾರ ಜಮೀನು ವಾಪಸ್ ತೆಗೆದುಕೊಂಡಿತು.

ಒಂದು ಮಾತು ಗಮನಿಸಿ. ಟಿವಿ ಕಂತು ಶುರುವಾದದ್ದು 1955ರ ಸೆಪ್ಟೆಂಬರಿನಲ್ಲಿ. ಅಂದರೆ ಆ ಹುಚ್ಚು ಹಿಡಿದಾಗ ಮಕ್ಕಳು ಟಿವಿಯಲ್ಲಿ ಪ್ರೆಸ್ಟನ್‌ನನ್ನು ನೋಡಿಯೇ ಇರಲಿಲ್ಲ. ಬರೀ ಕೇಳಿದ್ದರು. ಕೇಳಿಯೇ ಅಲ್ಲೊಂದು ಇಂಚು ಜಾಗ ಬೇಕು ಅನ್ನಿಸಿತ್ತು. ಕಿವಿಯ ಕಥೆ ಅಂದೆನಲ್ಲ, ಇದಕ್ಕೇ.

ಸಮಯ ಓಡುತ್ತಿದೆ. ಟಿವಿಯ ಬಗ್ಗೆ ಬೇಗ ಹೇಳಿಬಿಡುತ್ತೇನೆ. ಹಲವು ದೃಶ್ಯಗಳನ್ನು ತೆಗೆದದ್ದು ಯೂಕಾನ್‌ನಲ್ಲಲ್ಲ, ಅಮೆರಿಕದ ಕೊಲರಾಡೋದಲ್ಲಿ. ಜನ ಬಿಟ್ಟುಹೋದ ಆಶ್‌ಕ್ರಾಫ್ಟ್ ಎಂಬ ಹಳೆಯ ಬೆಳ್ಳಿ ಗಣಿಯ ಊರಿನಲ್ಲಿ. ಬಣ್ಣದ ಚಿತ್ರ, ಬೆಟ್ಟ ನಿಜ, ಹಿಮ ನಿಜ, ನಾಯಿಯೂ ನಿಜ. ಚೆನ್ನಾಗಿಯೇ ಇದೆ, ಇಲ್ಲ ಅನ್ನಲ್ಲ. ಆದರೂ ನನಗೆ ಬೊಗಳುವ ಆ ಮನುಷ್ಯನೇ ಇಷ್ಟ.

ರೇಡಿಯೋಗೂ ಟಿವಿಗೂ ಒಂದೇ ಶೀರ್ಷಿಕೆ ಸಂಗೀತ. ರೆಜ್ನಿಚೆಕ್ ಅವರ ‘ಡೋನಾ ಡಯಾನಾ’ ಒಪೆರಾದ ಮೊದಲ ತುಣುಕು. ಈಗ ಅದನ್ನೇ ಹಾಕುತ್ತಾರೆ. ಕಣ್ಣು ಮುಚ್ಚಿಕೊಂಡು ಕೇಳಿ.